ಪದಚರ್ಚೆ: ಓಹಾರಾ, ಓ'ಹಾರ, ಒ. ಹರಾ – ಫಲಕಕ್ಕೆ ಯಾವುದು ಹಾಕಲಿ?

> ನಾಳೆ ಬೆಳಗ್ಗೆ ಪ್ರಿಂಟಿಗೆ ಕೊಡಬೇಕು, ದಯವಿಟ್ಟು ಬೇಗ ಹೇಳಿ. ಲೈಬ್ರರಿಯ ಪುಸ್ತಕ ಪ್ರದರ್ಶನಕ್ಕೆ ಒಂದು ಫಲಕ. ಒಂದು ಐರಿಷ್ ಸರ್‌ನೇಮ್ ಇತಿಹಾಸದಲ್ಲೂ ಕಾದಂಬರಿಗಳಲ್ಲೂ ಹೇಗೆಲ್ಲ ಬಂದಿದೆ ಅಂತ. ಓಹಾರಾನಾ, ಓ'ಹಾರನಾ, ಒ. ಹರಾನಾ? ಆ 'ಓ'ಗೆ ಕನ್ನಡದಲ್ಲಿ ಪದ ಇದೆಯಾ? ಸರ್‌ನೇಮ್‌ಗೆ 'ಅಡ್ಡಹೆಸರು' ಅಂದರೆ ನಡೆಯುತ್ತಾ?

ಅರ್ಜೆಂಟ್ ಅಂದಿದ್ದೀರಿ, ಹಾಗಾಗಿ ಮೊದಲು ಉತ್ತರ. ಓಹಾರಾ ಅಂತ ಒಂದೇ ಪದವಾಗಿ ಬರೆಯಿರಿ. ಅಪಾಸ್ಟ್ರಫಿ ಬೇಡ, ಚುಕ್ಕೆ ಬೇಡ, ನಡುವೆ ಜಾಗ ಬೇಡ. ಸರ್‌ನೇಮ್‌ಗೆ 'ಮನೆತನದ ಹೆಸರು' ಅಂತ ಹಾಕಿ. ಫಲಕಕ್ಕೆ ಇಷ್ಟು ಸಾಕು. ಮುಂದಿನದು ನಿನ್ನೆಯಿಂದ ಇಲ್ಲಿ ಬಂದಿರುವ ಉಳಿದ ಉತ್ತರಗಳಿಗೆ. ಅವುಗಳಲ್ಲಿ ಕೆಲವನ್ನು ಹಾಗೇ ಬಿಟ್ಟರೆ ಯಾರಾದರೂ ನಿಜ ಅಂದುಕೊಂಡು ಅಚ್ಚು ಹಾಕಿಸಿಬಿಡುತ್ತಾರೆ.

> ಮೂಲದಲ್ಲಿ ಅಪಾಸ್ಟ್ರಫಿ ಇದೆ. ನಾವು ತೆಗೆಯುವ ಹಾಗಿಲ್ಲ.

ಮೂಲದಲ್ಲಿ ಇಲ್ಲ. ಇಂಗ್ಲಿಷಿನಲ್ಲಿ ಇದೆ. ಐರಿಷ್ ಭಾಷೆಯಲ್ಲಿ ಇದು ಎರಡು ಪದ, ಮತ್ತು ಮೊದಲ ಓ ಅಕ್ಷರದ ಮೇಲೆ ಒಂದು ಓರೆಗೆರೆ ಇರುತ್ತದೆ. ಅದಕ್ಕೆ ಅವರು 'ಫಾಡಾ' ಅನ್ನುತ್ತಾರೆ, ಅದು ದೀರ್ಘದ ಗುರುತು. ಇಂಗ್ಲಿಷ್ ಗುಮಾಸ್ತರ ಕೈಯಲ್ಲಿ ಆ ಗೆರೆ ಪಕ್ಕಕ್ಕೆ ಜಾರಿ ಅಪಾಸ್ಟ್ರಫಿ ಆಯಿತು ಅನ್ನುವುದು ಸಾಮಾನ್ಯವಾಗಿ ಕೊಡುವ ವಿವರಣೆ. ಈಗ ನೋಡಿ, ನಮಗೆ ಒ ಬೇರೆ, ಓ ಬೇರೆ. ಓ ಬರೆದ ಕೂಡಲೇ ಫಾಡಾ ಬಂದುಬಿಟ್ಟಿತು. ಅದರ ಮುಂದೆ ಮತ್ತೆ ಅಪಾಸ್ಟ್ರಫಿ ಹಾಕಿದರೆ ಒಂದೇ ಗುರುತನ್ನು ಎರಡು ಸಲ ಬರೆದ ಹಾಗೆ. ಇಂಗ್ಲಿಷಿಗೆ ಒ, ಓ ಎರಡಕ್ಕೂ ಇರುವುದು ಒಂದೇ ಅಕ್ಷರ. ಆ ಕೊರತೆಯನ್ನು ನಾವು ಯಾಕೆ ಹೊತ್ತುಕೊಳ್ಳಬೇಕು? 'ಒ. ಹರಾ' ಅಂತೂ ಬೇಡವೇ ಬೇಡ. ಅದು ಇನಿಷಿಯಲ್ ಥರ ಕಾಣುತ್ತದೆ, ಓದಿದವರು ತಂದೆಯ ಹೆಸರು ಏನು ಅಂತ ಕೇಳುತ್ತಾರೆ.

ಐರಿಷಿನಲ್ಲಿ ಎರಡು ಪದವಾದರೂ ಕನ್ನಡದಲ್ಲಿ ಜಾಗ ಬಿಟ್ಟು 'ಓ ಹಾರಾ' ಅಂತ ಬರೆಯುವುದೂ ತಪ್ಪು, ಇದಕ್ಕೆ ವ್ಯಾಕರಣದ ಕಾರಣವೇ ಇದೆ. ಈ ಮನೆತನದ ಮೂಲಪುರುಷ 10ನೇ ಶತಮಾನದವನು, ಸ್ಲೈಗೊ ಕೌಂಟಿಯ ಲೇನಿ ಸೀಮೆಯ ಒಡೆಯ. ಅವನ ಹೆಸರಿನಲ್ಲಿ ಹ ಇರಲೇ ಇಲ್ಲ. ಹೆಸರು ಸ್ವರದಿಂದ ಶುರುವಾಗುತ್ತದೆ. ಅಕ್ಷರಕ್ಕೆ ಅಕ್ಷರ ಇಟ್ಟರೆ 'ಎಅಘ್ರ' ಆಗುತ್ತದೆ, ಆದರೆ ಆ ಘ ಉಚ್ಚಾರದಲ್ಲಿ ಇಲ್ಲ. ಹಳೆಯ ಬರಹದಲ್ಲಿ ಅದೇ ಜಾಗದಲ್ಲಿ ಧ ಇತ್ತು. ಎರಡೂ ಧ್ವನಿ ಒಂದಾದ ಮೇಲೆ ಯಾವುದನ್ನು ಬರೆದರೂ ನಡೆಯಿತು, ನಮ್ಮಲ್ಲಿ ಱ ಹೋಗಿ ರ ಆದ ಹಾಗೆ. ಐರಿಷಿನಲ್ಲಿ 'ಓ' ಮುಂದೆ ಸ್ವರ ಬಂದರೆ ನಡುವೆ ಒಂದು ಹ ಬಂದು ಕೂರುತ್ತದೆ. ಮನೆ ಮುಂದೆ 'ಅಲ್ಲಿ' ಬಂದರೆ ಮನೆಯಲ್ಲಿ, ಗುರು ಮುಂದೆ 'ಅನ್ನು' ಬಂದರೆ ಗುರುವನ್ನು. ಅದೇ ಕೆಲಸ ಅಲ್ಲಿ ಹಕಾರ ಮಾಡುತ್ತದೆ, ಆಗಮ ಅಂತಲೇ ಕರೆಯಬಹುದು. ಈಗ 'ಓ' ಕಿತ್ತು 'ಹಾರಾ' ಬೇರೆ ಇಟ್ಟರೆ 'ಮನೆ' ಕಿತ್ತು 'ಯಲ್ಲಿ' ಅನ್ನುವುದನ್ನು ಪದ ಅಂದ ಹಾಗೆ. ಚಿಲಿ ದೇಶದ ಸ್ವಾತಂತ್ರ್ಯ ನಾಯಕ ಬೆರ್ನಾರ್ಡೊ ಓಹಿಗಿನ್ಸ್ ಹೆಸರಿನಲ್ಲಿರುವುದೂ ಇದೇ ಹ. ಅವನ ತಂದೆಯೂ ಸ್ಲೈಗೊದಿಂದಲೇ ಹೋದವನು.

> ಹೆಸರಿನ ಹುರುಳನ್ನೇ ಕನ್ನಡಕ್ಕೆ ತರಬೇಕು. 'ಓ' ಅಂದರೆ ಮೊಮ್ಮಗ. ಹಳಗನ್ನಡದ 'ಮೊಮ್ಮ' ಕಣ್ಣೆದುರೇ ಇದೆ. ಹಾರಮೊಮ್ಮ ಎನ್ನೋಣ.

ಬೇಡ. ಹುರುಳು ಸರಿ, ಕೆಲಸ ತಪ್ಪು. 'ಓ' ಅಂದರೆ ಮೊಮ್ಮಗ, ವಂಶದವನು. 'ಮ್ಯಾಕ್' ಅಂದರೆ ಮಗ. ಇದನ್ನು ಫಲಕದಲ್ಲಿ ಒಂದು ಸಾಲಿನಲ್ಲಿ ಹೇಳಿ, ಹೇಳಲೇಬೇಕು. ಆದರೆ ಹೆಸರನ್ನೇ ಅನುವಾದ ಮಾಡಿ ಅನ್ನುವವರು ಐರ್ಲೆಂಡಿನ ಚರಿತ್ರೆ ಸ್ವಲ್ಪ ನೋಡಬೇಕು. 1465ರಲ್ಲಿ ಅಲ್ಲಿ ಒಂದು ಕಾನೂನು ಬಂತು. ಡಬ್ಲಿನ್ ಸುತ್ತ ಇಂಗ್ಲಿಷರ ಹಿಡಿತದಲ್ಲಿದ್ದ ಸೀಮೆಯ ಐರಿಷರು ಇಂಗ್ಲಿಷ್ ಹೆಸರು ಇಟ್ಟುಕೊಳ್ಳಬೇಕು: ಒಂದು ಊರಿನ ಹೆಸರು, ಇಲ್ಲ ಒಂದು ಬಣ್ಣದ ಹೆಸರು, ಇಲ್ಲ ಒಂದು ಕಸುಬಿನ ಹೆಸರು. ಆಮೇಲೆ ಬಂದ ಶತಮಾನಗಳಲ್ಲಿ 'ಕಮ್ಮಾರನ ಮಗ' ಅನ್ನುವ ಅರ್ಥದ ಮ್ಯಾಕ್‌ಗವನ್ ಎಷ್ಟೋ ಮನೆಗಳಲ್ಲಿ ಬರೀ ಸ್ಮಿತ್ ಆಯಿತು. ಅಂದರೆ ಹುರುಳನ್ನೇ ಅನುವಾದ ಮಾಡಿದರು, ಹೆಸರು ಹೋಯಿತು. ಎಷ್ಟೋ ಮನೆತನಗಳು ಓ, ಮ್ಯಾಕ್ ಎರಡನ್ನೂ ಬಿಟ್ಟುಬಿಟ್ಟವು. 1893ರಲ್ಲಿ ಗೇಲಿಕ್ ಲೀಗ್ ಶುರುವಾದ ಆ ಕಾಲದ ಭಾಷಾ ಚಳವಳಿಯಲ್ಲಿ ಜನ ಬಿಟ್ಟುಹೋದ ಓ ಅನ್ನು ಮತ್ತೆ ಹಚ್ಚಿಕೊಳ್ಳತೊಡಗಿದರು. ಅಷ್ಟು ಕಷ್ಟಪಟ್ಟು ವಾಪಸ್ ತಂದುಕೊಂಡ ಅಕ್ಷರವನ್ನು ನಾವು ಇಲ್ಲಿ ಕೂತು 'ಮೊಮ್ಮ' ಮಾಡುವುದು ನನಗೆ ಸರಿ ಕಾಣುವುದಿಲ್ಲ. ನಮ್ಮ ಉಳ್ಳಾಗಡ್ಡಿ ಮನೆತನದವರನ್ನು ಇಂಗ್ಲಿಷಿನಲ್ಲಿ ಆನಿಯನ್ ಅಂದರೆ ಒಪ್ಪುತ್ತೀರಾ?

ಇನ್ನೊಂದು ತೊಡಕೂ ಇದೆ. ಐರಿಷಿನಲ್ಲಿ ಹೆಣ್ಣುಮಕ್ಕಳಿಗೆ 'ಓ' ಇಲ್ಲವೇ ಇಲ್ಲ. ಮಗಳಾದರೆ 'ನೀ', ಹೆಂಡತಿಯಾದರೆ 'ಉಈ', ಆಗ ಹಕಾರವೂ ಬರುವುದಿಲ್ಲ. ಇಂಗ್ಲಿಷಿಗೆ ಹೋದ ಮೇಲೆ ಗಂಡು ರೂಪವೇ ಗಟ್ಟಿಯಾಗಿ ನಿಂತಿತು. ಹಾಗಾಗಿಯೇ 'ಗಾನ್ ವಿತ್ ದ ವಿಂಡ್' ಕಾದಂಬರಿಯ ನಾಯಕಿ ಸ್ಕಾರ್ಲೆಟ್ ಓಹಾರಾ. ಮೊಮ್ಮ ಅಂದರೆ ಅವಳನ್ನು ಏನು ಮಾಡುತ್ತೀರಿ? ಗೌಡ ಅಂತ ಹೆಸರಿರುವ ಡಾಕ್ಟರಮ್ಮನನ್ನು ಯಾರೂ ಗೌಡತಿ ಅನ್ನುವುದಿಲ್ಲ ಅಲ್ವಾ? ಹೆಸರಾದ ಮೇಲೆ ಅದು ಹೆಸರು.

> ಓ ಹರ! ಐರಿಷರು ಆರ್ಯರು. ಐರ್ = ಆರ್ಯ. ಹಾರಾ = ಹರ. ಇದು ಎಲ್ಲರಿಗೂ ಗೊತ್ತಿರುವ ವಿಷಯ.

ಇಲ್ಲ. ಹ ಎಲ್ಲಿಂದ ಬಂತು ಅಂತ ಮೇಲೆ ಹೇಳಿದ್ದೇನೆ, ಹರ ಅಲ್ಲೇ ಬಿದ್ದುಹೋಯಿತು. ಐರ್ ಮತ್ತು ಆರ್ಯ ಒಂದೇ ಅನ್ನುವುದು ಹಳೆಯ ಊಹೆ, ಭಾಷಾವಿಜ್ಞಾನಿಗಳು ಅದನ್ನು ಕೈಬಿಟ್ಟು ಎಷ್ಟೋ ಕಾಲ ಆಯಿತು. ನಿಮಗೆ ಸಂಸ್ಕೃತದ ನಂಟೇ ಬೇಕಿದ್ದರೆ ನಿಜವಾದದ್ದು ಬೇರೆ ಇದೆ, ಅದು ಇದಕ್ಕಿಂತ ಚೆನ್ನಾಗಿದೆ. ಐರ್ಲೆಂಡಿನ ಹೆಸರು ಸಂಸ್ಕೃತದ 'ಪೀವರೀ'ಗೆ ಸೋದರ ಪದ. ಕೆಲ್ಟಿಕ್ ಭಾಷೆಗಳಲ್ಲಿ ಮೊದಲಿನ ಪಕಾರ ಬಿದ್ದುಹೋಗುತ್ತದೆ, ಆಗ ಉಳಿಯುವುದು ಈವರಿಯಂಥ ರೂಪ. ಪೀವರ ಅಂದರೆ ತುಂಬಿಕೊಂಡದ್ದು, ಕೊಬ್ಬಿದ್ದು, ನೆಲಕ್ಕೆ ಹೇಳಿದರೆ ಫಲವತ್ತಾದದ್ದು. ಕಾವ್ಯ ಓದಿದವರಿಗೆ ಪೀವರ ಹೊಸದೇನಲ್ಲ.

'ಹಾರ' ಅಂತ ಗಿಡ್ಡ ಮಾಡಬೇಡಿ ಅನ್ನುವುದಕ್ಕೂ ಕಾರಣ ಹೇಳಿಬಿಡುತ್ತೇನೆ. ಓಹಾರ ಅಂದರೆ ನಾಲಗೆ ತಾನಾಗಿಯೇ ಓಹಾರದ, ಓಹಾರಕ್ಕೆ ಅಂತ ಹೋಗುತ್ತದೆ, ಹೂವಿನ ಹಾರದ ಹಾಗೆ. ದೀರ್ಘ ಇಟ್ಟರೆ ಓಹಾರಾನಿಗೆ, ಓಹಾರಾಳ ಅಂತ ಮನುಷ್ಯರ ಹೆಸರಾಗಿ ನಡೆಯುತ್ತದೆ.

> ಹೀಗೆ ಎಲ್ಲವನ್ನೂ ಎರವಲು ತಂದರೆ ಕನ್ನಡ ಉಳಿಯುತ್ತದೆಯೇ?

ಉಳಿದಿದೆಯಲ್ಲ. ವಿಜಯನಗರದ ಶಾಸನಗಳಲ್ಲಿ 'ಹಿಂದೂರಾಯ ಸುರತ್ರಾಣ' ಅನ್ನುವ ಬಿರುದು ಇದೆ. ಸುಲ್ತಾನ ಅನ್ನುವ ಪದ ಸುರತ್ರಾಣ ಆಗಿ ಕೂತಿದೆ. ಬರೆದವರು ಹೆದರಿಕೊಳ್ಳಲಿಲ್ಲ. ರೈತ ಅರಬ್ಬಿಯಿಂದ ಬಂದ ಪದ. ರೈತರು, ರೈತನಿಗೆ, ರೈತಾಪಿ ಅಂತ ನಮ್ಮ ಪ್ರತ್ಯಯಗಳು ಹತ್ತಿದವು, ಕನ್ನಡವಾಯಿತು. ನನ್ನ ಅಳತೆಗೋಲು ಅದೊಂದೇ. ಪ್ರತ್ಯಯ ಸಲೀಸಾಗಿ ಹತ್ತುತ್ತದಾ? ಬಾಯಿಗೆ ಬರುತ್ತದಾ? ಹಾಗಿದ್ದರೆ ಬರಲಿ. ಅಪಾಸ್ಟ್ರಫಿ ಹಾಕಿದ ಪದಕ್ಕೆ ಪ್ರತ್ಯಯ ಹಚ್ಚಿ ನೋಡಿ, ಎಷ್ಟು ಹೊರಗಿನದಾಗಿ ಕಾಣುತ್ತದೆ ಅಂತ ಗೊತ್ತಾಗುತ್ತದೆ. ಎರವಲನ್ನು ಎರವಲಾಗಿಯೇ ಇಡುವುದು ಆ ಗುರುತು.

ಓ ಕತ್ತರಿಸಿದರೆ ಏನಾಗುತ್ತದೆ ಅನ್ನುವುದಕ್ಕೆ ನಮ್ಮದೇ ಚರಿತ್ರೆಯಲ್ಲಿ ನೋವಿನ ಉದಾಹರಣೆ ಇದೆ. ಜಲಿಯನ್‌ವಾಲಾ ಬಾಗ್‌ನಲ್ಲಿ 1919ರ ಏಪ್ರಿಲ್ 13ರಂದು ಗುಂಡು ಹಾರಿಸಲು ಹೇಳಿದವನು ಡಯರ್. ಆಗ ಪಂಜಾಬಿನ ಲೆಫ್ಟಿನೆಂಟ್ ಗವರ್ನರ್ ಆಗಿದ್ದು ಡಯರ್ ಮಾಡಿದ್ದು ಸರಿ ಅಂದವನು ಓಡ್ವಯರ್, ಟಿಪ್ಪರೇರಿಯ ಐರಿಷಿನವನು. ಉಧಮ್ ಸಿಂಗ್ 1940ರ ಮಾರ್ಚ್ 13ರಂದು ಲಂಡನ್ನಿನ ಕ್ಯಾಕ್ಸ್‌ಟನ್ ಹಾಲಿನಲ್ಲಿ ಕೊಂದದ್ದು ಓಡ್ವಯರ್‌ನನ್ನು. ಡಯರ್ 1927ರಲ್ಲೇ ಸತ್ತಿದ್ದ. 'ಓ ಡಯರ್' ಅಂತ ಬಿಡಿಸಿ ಬರೆದರೆ ಓದುವವರಿಗೆ ಇಬ್ಬರೂ ಒಬ್ಬರೇ ಆಗುತ್ತಾರೆ. ಇವೆರಡು ಹೆಸರಿಗೆ ಸಂಬಂಧವೇ ಇಲ್ಲ. ಡಯರ್ ಅಂದರೆ ಇಂಗ್ಲಿಷಿನಲ್ಲಿ ಬಟ್ಟೆಗೆ ಬಣ್ಣ ಹಾಕುವವನು, ಓಡ್ವಯರ್ ಐರಿಷ್ ವಂಶದ ಹೆಸರು. ಓ ಸುಮ್ನೆ ಬಂದ ಅಲಂಕಾರ ಅಲ್ಲ, ಅದು ಹೆಸರಿನ ಮೈ.

ಇಷ್ಟೆಲ್ಲ ಚರ್ಚೆಯಲ್ಲಿ ಕಿಪ್ಲಿಂಗನ 'ಕಿಮ್' ಯಾರಿಗೂ ನೆನಪಾಗದ್ದು ನನಗೆ ಆಶ್ಚರ್ಯ. 1901ರ ಪುಸ್ತಕ. ಲಾಹೋರಿನ ಬೀದಿಗಳಲ್ಲಿ ಬೆಳೆದ ಆ ಹುಡುಗನ ಪೂರ್ತಿ ಹೆಸರು ಕಿಂಬಲ್ ಓಹಾರಾ. ಅಪ್ಪ ಐರಿಷ್ ಪಡೆಯೊಂದರಲ್ಲಿ ಸಾರ್ಜೆಂಟ್, ಆಮೇಲೆ ರೈಲ್ವೆ ಕೆಲಸ, ಕೊನೆಗೆ ಅಫೀಮು, ಸಾವು. ಹುಡುಗನ ಕೊರಳಿನ ತಾಯಿತದಲ್ಲಿ ಅಪ್ಪನ ಕಾಗದಗಳಿವೆ, ಅವನಿಗೆ ಅವನ್ನು ಓದಲು ಬರುವುದಿಲ್ಲ. ಆ ಪಡೆಯ ಪಾದ್ರಿ ಹೆಸರು ಕೇಳಿದರೆ ಅವನು ಓಹಾರಾ ಅನ್ನುವುದಿಲ್ಲ, 'ಕಿಮ್ ರಿಷ್ಟಿ ಕೆ' ಅನ್ನುತ್ತಾನೆ. ರಿಷ್ಟಿ ಅಂದರೇನು ಅಂತ ಕೇಳಿದಾಗ 'ಐ-ರಿಷ್ಟಿ', ಅಪ್ಪನ ಪಡೆ ಅಂತ ಬಿಡಿಸಿ ಹೇಳುತ್ತಾನೆ. ಐರಿಷ್ ಅನ್ನುವ ಪದ ಬಜಾರಿನ ಬಾಯಲ್ಲಿ ತಲೆ ಕಳೆದುಕೊಂಡು, ಬಾಲ ಹಚ್ಚಿಕೊಂಡು, ಹಿಂದೂಸ್ತಾನಿಯ ಷಷ್ಠಿ 'ಕೆ' ಸೇರಿಸಿಕೊಂಡಿದೆ. 'ಓ' ಏನು ಹೇಳುತ್ತದೋ, ಇಂಥವರ ವಂಶದವನು ಅಂತ, ಅದನ್ನೇ ಈ ಪುಟ್ಟ 'ಕೆ' ಹೇಳುತ್ತಿದೆ. ಹೆಸರು ಅನುವಾದ ಆದರೆ ಹೇಗಿರುತ್ತದೆ ಅನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಸಿಗಲಾರದು. ಆದರೆ ಗಮನಿಸಿ, ಅದನ್ನು ಮಾಡಿದ್ದು ಬೀದಿಯ ಜನ, ಹುಡುಗನನ್ನು ತಮ್ಮವನು ಮಾಡಿಕೊಂಡ ಮೇಲೆ. ಅನುವಾದಕ ಮೇಜಿನ ಮುಂದೆ ಕೂತು ಮಾಡಿದ್ದಲ್ಲ. ಫಲಕದಲ್ಲಿ ಈ ಪ್ರಸಂಗ ಖಂಡಿತ ಹಾಕಿ.

'ಅಡ್ಡಹೆಸರು' ವಿಚಾರ. ಧಾರವಾಡ, ಬೆಳಗಾವಿ ಕಡೆ ಅದು ಸರ್‌ನೇಮ್ ಅಂತಲೇ ನಡೆಯುತ್ತದೆ. ಮೈಸೂರು ಕಡೆಯವರಿಗೆ ಗೇಲಿಗೆ ಇಟ್ಟ ಹೆಸರು ಅನ್ನಿಸಬಹುದು. ಫಲಕ ಎರಡೂ ಕಡೆಯವರಿಗೆ, ಹಾಗಾಗಿ ಬೇಡ. 'ಕುಲನಾಮ' ಅಂದರೆ ನಮ್ಮಲ್ಲಿ ಜಾತಿಯ ವಾಸನೆ ಬರುತ್ತದೆ. 'ಬಳಿ' ಅಂತ ಯಾರೋ ಸೂಚಿಸಿದ್ದಾರೆ. ಬಳಿ ಮದುವೆಯ ಕಟ್ಟು, ಒಂದೇ ಬಳಿಯವರು ಮದುವೆ ಆಗುವುದಿಲ್ಲ. ಐರಿಷ್ ಹೆಸರಿಗೆ ಆ ನಿಯಮ ಇಲ್ಲ.

ಇನ್ನು ಫಲಕದ ಒಳಗಿನ ವಿಷಯ. ನೀವು ಕಳಿಸಿದ ಕರಡಿನಲ್ಲಿ ಮೂರು ಕಡೆ ತಿದ್ದಬೇಕು. ಒಂದು, ಸಿನಿಮಾ ನಟಿ ಮೌರೀನ್ ಓಹಾರಾ ಆ ಮನೆತನದ ಹೆಸರು ಹೊತ್ತು ಹುಟ್ಟಿದವರಲ್ಲ. ಡಬ್ಲಿನ್ನಿನಲ್ಲಿ 1920ರಲ್ಲಿ ಹುಟ್ಟಿದಾಗ ಫಿಟ್ಸ್‌ಸೈಮನ್ಸ್, ಓಹಾರಾ ಪರದೆಗೆ ಇಟ್ಟದ್ದು. ಇನ್ನೊಂದು, ಷಿಕಾಗೋದ ವಿಮಾನ ನಿಲ್ದಾಣ ಓಹೇರ್, ಎರಡನೆಯ ಮಹಾಯುದ್ಧದಲ್ಲಿ ಸತ್ತ ನೌಕಾಪಡೆಯ ಪೈಲಟ್ ಒಬ್ಬರ ಹೆಸರು. ಅದು ಬೇರೆ ಮನೆತನ, ತೆಗೆಯಿರಿ. ಮತ್ತೆ, ಸ್ಕಾರ್ಲೆಟ್‌ಳ ತೋಟದ ಮನೆಯನ್ನು 'ತಾರಾ' ಅಂದಿದ್ದೀರಿ. 'ಟಾರಾ' ಮಾಡಿ. ಅದು ಐರ್ಲೆಂಡಿನ ಮೀತ್ ಕೌಂಟಿಯ ಒಂದು ಗುಡ್ಡದ ಹೆಸರು, ಐರಿಷ್ ರಾಜರ ಹಳೆಯ ನೆಲೆ. ಅವಳ ಅಪ್ಪ ಜಾರ್ಜಿಯಾಕ್ಕೆ ವಲಸೆ ಬಂದ ಐರಿಷಿನವನು, ಅದಕ್ಕೇ ಆ ಹೆಸರು. ತಾರಾ ಅಂದರೆ ನಮಗೆ ವಾಲಿಯ ಹೆಂಡತಿ ಕಣ್ಣ ಮುಂದೆ ಬರುತ್ತಾಳೆ.

ಇತಿಹಾಸದ ಭಾಗದಲ್ಲಿ ಜನರಲ್ ಚಾರ್ಲ್ಸ್ ಓಹಾರಾನಿಗೆ ಜಾಗ ಜಾಸ್ತಿ ಕೊಡಿ. 1781ರಲ್ಲಿ, ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ, ಯಾರ್ಕ್‌ಟೌನ್‌ನಲ್ಲಿ ಸೋತ ಕಾರ್ನ್‌ವಾಲಿಸ್ ಕಾಯಿಲೆ ಅಂತ ಹೊರಗೆ ಬರಲಿಲ್ಲ, ಶರಣಾಗತಿಯ ಕತ್ತಿ ಹಿಡಿದು ಹೋದವನು ಈ ಓಹಾರಾ. 1793ರಲ್ಲಿ ಟೂಲಾನ್‌ನಲ್ಲಿ ಫ್ರೆಂಚರ ಕೈಗೆ ಸಿಕ್ಕ, ಅಲ್ಲಿ ಫಿರಂಗಿದಳ ನಡೆಸುತ್ತಿದ್ದವನು ನೆಪೋಲಿಯನ್. ಆ ಕಾರ್ನ್‌ವಾಲಿಸನೇ 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನ ಇಬ್ಬರು ಗಂಡುಮಕ್ಕಳನ್ನು ಒತ್ತೆ ಇಟ್ಟುಕೊಂಡವನು ಅಂತ ಒಂದು ವಾಕ್ಯ ಸೇರಿಸಿದರೆ ನಮ್ಮ ಓದುಗರು ಅಲ್ಲಿ ನಿಂತು ಓದುತ್ತಾರೆ.

ತಲೆಬರಹ: 'ಓಹಾರಾ: ಒಂದು ಐರಿಷ್ ಮನೆತನದ ಹೆಸರು'. ಅದರ ಕೆಳಗೆ ಚಿಕ್ಕ ಅಕ್ಷರದಲ್ಲಿ: 'ಐರಿಷ್ ಭಾಷೆಯಲ್ಲಿ ಓ ಅಂದರೆ ಮೊಮ್ಮಗ, ವಂಶದವನು'. ಅಕಾರಾದಿಯಲ್ಲಿ ಓ ಅಡಿಯಲ್ಲೇ ಇಡಿ, ಹ ಅಡಿಯಲ್ಲಿ ಬೇಡ. ಪ್ರೂಫ್ ಬಂದರೆ ರಾತ್ರಿಯೇ ಇಲ್ಲಿಗೆ ಹಾಕಿ, ನೋಡಿಕೊಡುತ್ತೇನೆ.