ಜೂನ್‌ನಿಂದ ಬರಬೇಡಿ ಎಂದರು, ಕಾಗದ ಕೊಟ್ಟಿಲ್ಲ. ಏನು ಮಾಡಲಿ?

ಸಮಾಜ ಟೀಚರ್, ಹಾವೇರಿ ಜಿಲ್ಲೆ:
ಅನುದಾನರಹಿತ ಕನ್ನಡ ಮಾಧ್ಯಮ ಶಾಲೆ, ರಾಜ್ಯ ಪಠ್ಯಕ್ರಮ. 11 ವರ್ಷದಿಂದ ಪಾಠ ಮಾಡುತ್ತಿದ್ದೇನೆ. ಮಕ್ಕಳು ಕಡಿಮೆ ಎಂದು ಎಂಟನೇ ತರಗತಿಯ ಒಂದು ಸೆಕ್ಷನ್ ಮುಚ್ಚಿದರು. ಮೇ ಕೊನೆಯಲ್ಲಿ ಕಾರ್ಯದರ್ಶಿಗಳು ಕರೆದು, "ಜೂನ್‌ನಿಂದ ಬರುವುದು ಬೇಡ ಮೇಡಂ" ಎಂದರು. ರಾಜೀನಾಮೆ ಬರೆದುಕೊಟ್ಟರೆ ಎರಡು ತಿಂಗಳ ಸಂಬಳ ಕೊಡುತ್ತಾರಂತೆ. ಸಹಿ ಹಾಕಿಬಿಡು, ರಗಳೆ ಬೇಡ ಅಂತ ಮನೆಯಲ್ಲಿ ಹೇಳುತ್ತಿದ್ದಾರೆ. ಲೇಬರ್ ಕೋರ್ಟಿಗೆ ಹೋಗಬಹುದಾ?

ವಕೀಲರ ಕಚೇರಿ ಗುಮಾಸ್ತ:
ಲೇಬರ್ ಕೋರ್ಟಿಗೆ ಆಗುವುದಿಲ್ಲ ಮೇಡಂ. ಶಿಕ್ಷಕರು ಆಗಿನ ಕೈಗಾರಿಕಾ ವಿವಾದ ಕಾಯ್ದೆಯ 'ಕಾರ್ಮಿಕ'ರಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಸುಂದರಾಂಬಾಳ್ ಕೇಸಿನಲ್ಲಿ ಹೇಳಿದೆ. ನಿಮ್ಮ ದಾರಿ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿ, ಇಎಟಿ. ಜಿಲ್ಲಾ ನ್ಯಾಯಾಧೀಶರೇ ನಡೆಸುತ್ತಾರೆ. ಕರ್ನಾಟಕ ಶಿಕ್ಷಣ ಕಾಯ್ದೆ 1983ರ 94ನೇ ಸೆಕ್ಷನ್, ಮೂರು ತಿಂಗಳ ಗಡುವು.

ನಿವೃತ್ತ ಗಣಿತ ಟೀಚರ್:
ತಂಗಿ, ಮೊದಲು ಒಂದು ಮಾತು. ರಾಜೀನಾಮೆಗೆ ಸಹಿ ಹಾಕಬೇಡ. ಹಾಕಿದರೆ ನೀನೇ ಬಿಟ್ಟು ಹೋದೆ ಅಂತಾಗುತ್ತದೆ. ಆಮೇಲೆ ಬಲವಂತ ಮಾಡಿದರು ಎಂದು ಸಾಬೀತು ಮಾಡುವುದು ಬಹಳ ಕಷ್ಟ.

ನನಗೂ ಹೀಗೇ ಬಾಯಿಮಾತಲ್ಲಿ ಹೇಳಿದ್ದರು. ಇಎಟಿಯಲ್ಲಿ ಆಡಳಿತ ಮಂಡಳಿಯವರು, "ಇವರು ಮಾರ್ಚ್ ಕೊನೆಗೇ ತಾವಾಗಿ ಬಿಟ್ಟರು" ಎಂದು ಹೇಳಿಕೆ ಸಲ್ಲಿಸಿದರು. ಹಾಜರಿ ಪುಸ್ತಕ ಅವರ ಕೈಯಲ್ಲಿತ್ತು. ನನ್ನ ಹತ್ತಿರ ಏನೂ ಇರಲಿಲ್ಲ. ಮೂರು ದಿನ ನಿದ್ದೆ ಬರಲಿಲ್ಲ. ಆಮೇಲೆ ನೆನಪಾಯಿತು, ಏಪ್ರಿಲ್ 10ರ ಫಲಿತಾಂಶದ ದಿನ ಏಳನೇ ತರಗತಿಯ ಅಂಕಪಟ್ಟಿಗಳಿಗೆಲ್ಲ ಸಹಿ ಹಾಕಿದ್ದು ನಾನೇ. ನಮ್ಮ ಬೀದಿಯ ಒಬ್ಬ ಹುಡುಗನ ತಾಯಿ ಬೀರುವಿನಿಂದ ತೆಗೆದುಕೊಟ್ಟರು. ಮಡಿಕೆಯಲ್ಲಿ ಹರಿದಿತ್ತು, ಒಂದು ಮೂಲೆಗೆ ಅರಿಶಿನದ ಕಲೆ. ಕೆಳಗೆ 'ತರಗತಿ ಶಿಕ್ಷಕರು' ಎಂಬಲ್ಲಿ ನೀಲಿ ಶಾಯಿಯಲ್ಲಿ ನನ್ನ ಸಹಿ, ಪಕ್ಕದಲ್ಲಿ ತಾರೀಕು. ಪಾಟೀಸವಾಲಿನಲ್ಲಿ ಅದನ್ನು ತೋರಿಸಿದಾಗ ಮುಖ್ಯೋಪಾಧ್ಯಾಯರು ಸಹಿ ಒಪ್ಪಿಕೊಂಡರು. ಕೇಸು ತಿರುಗಿದ್ದೇ ಅಲ್ಲಿ.

ನೀನೂ ಅಂಥದ್ದು ಹುಡುಕು. ಬ್ಯಾಂಕ್ ಪಾಸ್‌ಬುಕ್, ಪಿಎಫ್ ಇದ್ದರೆ ಅದರ ಲೆಕ್ಕ, ವಾಟ್ಸಾಪಿನಲ್ಲಿ ಬಂದ ವೇಳಾಪಟ್ಟಿ, ಎಲ್ಲ. ನಾಳೆಯೇ ಶಾಲೆಗೆ ಸ್ಪೀಡ್ ಪೋಸ್ಟಿನಲ್ಲಿ ಪತ್ರ ಹಾಕು: "ಇಂಥ ದಿನ ಬರಬೇಡಿ ಎಂದಿರಿ, ನಾನು ಕೆಲಸಕ್ಕೆ ಸಿದ್ಧಳಿದ್ದೇನೆ, ಲಿಖಿತ ಆದೇಶ ಕೊಡಿ." ಒಂದು ಪ್ರತಿ ಕ್ಷೇತ್ರ ಶಿಕ್ಷಣಾಧಿಕಾರಿ (ಬಿಇಓ) ಕಚೇರಿಗೆ. ಆದೇಶ ಬರಲಿ ಎಂದು ಕಾಯಬೇಡ, ಮೂರು ತಿಂಗಳನ್ನು ಅವರು ಹೇಳಿದ ದಿನದಿಂದಲೇ ಎಣಿಸು.

ವಿಚಾರಣೆ ಇಲ್ಲದೆ ತೆಗೆಯುವಂತಿಲ್ಲ ಎಂದು 92ನೇ ಸೆಕ್ಷನ್ ಇದೆ. ಹುದ್ದೆ ಕಡಿತ ಎಂದರೆ 98, ಅದಕ್ಕೆ ಇಲಾಖೆಯ ಪೂರ್ವಾನುಮತಿ ಬೇಕು. ಅನುಮತಿ ಎಲ್ಲಿ ಅಂತ ಕೇಳು.

ಇನ್ನೊಂದು, ಮೇಲ್ಮನವಿಯಲ್ಲೇ "ಬೇರೆಲ್ಲೂ ಸಂಬಳದ ಕೆಲಸದಲ್ಲಿಲ್ಲ" ಎಂದು ಬರೆಸು, ಅದು ನಿಜವಿದ್ದರೆ. 2013ರ ದೀಪಾಲಿ ಸುರ್ವಸೆ ಕೇಸಿನಲ್ಲಿ ಆ ಶಿಕ್ಷಕಿಗೆ ಸುಪ್ರೀಂ ಕೋರ್ಟ್ ಪೂರ್ತಿ ಹಿಂಬಾಕಿ, ಅಂದರೆ ಕೆಲಸದಿಂದ ಹೊರಗಿಟ್ಟ ಕಾಲದ ಸಂಬಳ, ಕೊಡಿಸಿತು. ಈ ಮಾತು ಮೊದಲೇ ಹೇಳಿರಬೇಕು ಎಂದೂ ಅದರಲ್ಲಿದೆ. ನಾನು ಹೇಳಿರಲಿಲ್ಲ. ಕೆಲಸ ವಾಪಸ್ ಸಿಕ್ಕಿತು, ಹಿಂಬಾಕಿ ಅರ್ಧವೇ ಬಂತು.

ಸಮಾಜ ಟೀಚರ್, ಹಾವೇರಿ ಜಿಲ್ಲೆ:
ಅಕ್ಕಾ, ಓದುತ್ತಾ ಅಳು ಬಂತು. ಸಹಿ ಹಾಕಿಲ್ಲ. ಜೊತೆಯ ಇಬ್ಬರಲ್ಲಿ ಒಬ್ಬರು ಹಾಕಿಬಿಟ್ಟಿದ್ದಾರೆ. ಕೆಲಸ ಬಿಡುವಾಗ ಕೊಡುವ ಇಡಿಗಂಟು, ಗ್ರಾಚುಟಿಯೂ ಇಲ್ಲ ಎಂದು ಶಾಲೆಯವರು ಹೇಳಿದ್ದಾರೆ.

ವಕೀಲರ ಕಚೇರಿ ಗುಮಾಸ್ತ:
ಗ್ರಾಚುಟಿ ಇದೆ ಮೇಡಂ, ಐದು ವರ್ಷ ದಾಟಿದರೆ ಸಾಕು. ಖಾಸಗಿ ಶಾಲೆಗಳ ಆಕ್ಷೇಪವನ್ನು ಸುಪ್ರೀಂ ಕೋರ್ಟ್ 2022ರಲ್ಲಿ ತಳ್ಳಿಹಾಕಿದೆ. ಸಹಿ ಹಾಕಿದವರಿಗೂ ಹೇಳಿ, ರಾಜೀನಾಮೆ ಕೊಟ್ಟರೂ ಅದು ಹೋಗುವುದಿಲ್ಲ.

ಸಮಾಜ ಟೀಚರ್, ಹಾವೇರಿ ಜಿಲ್ಲೆ:
ಪತ್ರ ಬರೆದಿದ್ದೇನೆ. ಬೆಳಿಗ್ಗೆ ಹತ್ತಕ್ಕೆ ಪೋಸ್ಟ್ ಆಫೀಸಿಗೆ ಹೋಗುತ್ತೇನೆ, ನಮ್ಮ ಯಜಮಾನರೂ ಬರುತ್ತೇನೆ ಎಂದಿದ್ದಾರೆ.