ಕಣ್ಣು ಚೆನ್ನಾಗೇ ಕಾಣ್ತದೆ, ಆದ್ರೆ ಇಓಜಿ ರಿಪೋರ್ಟ್ ಸರಿ ಇಲ್ಲ ಅಂತಾರೆ, ಇದು ಹೆಂಗೆ?

ಸಾಗರದ_ಅಪ್ಪ

ಎಲ್ರಿಗೂ ನಮಸ್ಕಾರ, ಸ್ವಲ್ಪ ಉದ್ದ ಆಗ್ತದೆ ಬೇಜಾರು ಮಾಡ್ಕೋಬೇಡಿ. ನನ್ನ ಮಗಳಿಗೆ 9 ವರ್ಷ. ಸ್ಕೂಲಲ್ಲಿ ಬೋರ್ಡ್ ಮೇಲಿನ ಅಕ್ಷರ ಸರಿ ಕಾಣಲ್ಲ ಅಂತಿದ್ಲು, ಒಂದು ಕನ್ನಡಕ ಹಾಕ್ಸಿದ್ರೆ ಮುಗೀತು ಅಂದ್ಕೊಂಡು ಶಿವಮೊಗ್ಗಕ್ಕೆ ಕರ್ಕೊಂಡು ಹೋದ್ವಿ. ಡಾಕ್ಟ್ರು ಡ್ರಾಪ್ಸ್ ಹಾಕಿ ಕೂರ್ಸಿ ಒಳಗೆಲ್ಲ ನೋಡಿ ಫೋಟೋ ತೆಗೆದು ತೋರ್ಸಿದ್ರು, ಎರಡೂ ಕಣ್ಣಿನ ಹಿಂದಿನ ಪರದೆ, ರೆಟಿನಾ ಅಂತಾರಲ್ಲ, ಅದರ ನಟ್ಟ ನಡುವೆ ಮೊಟ್ಟೆ ಒಡೆದು ಬಾಣಲೆಗೆ ಹಾಕಿದಾಗ ಮಧ್ಯ ಹಳದಿ ಇರ್ತದಲ್ಲ ಥೇಟ್ ಹಂಗೇ ಒಂದು ಉಂಡೆ. ನಮ್ಮನೇಲಿ ಮೊಟ್ಟೆ ತಿನ್ನಲ್ಲ, ಆದ್ರೂ ನೋಡಿದ ಕೂಡ್ಲೆ ಗೊತ್ತಾಯ್ತು. ಇದಕ್ಕೆ ಬೆಸ್ಟ್ ಡಿಸೀಸ್ ಅಂತಾರಂತೆ. ಕಾಯಿಲೆಗೆ ಬೆಸ್ಟ್ ಅಂತ ಹೆಸರಿಟ್ಟವನು ಯಾವ ಪುಣ್ಯಾತ್ಮನೋ.

ಆಮೇಲೆ ಬೆಂಗಳೂರಿಗೆ ಬರೆದುಕೊಟ್ರು, ರಾತ್ರಿ ರೈಲಿಗೆ ಹೋದ್ವಿ. ಅಲ್ಲಿ ಮಗಳಿಗೆ ಇಓಜಿ ಅನ್ನೋ ಕಣ್ಣಿನ ಟೆಸ್ಟ್ ಆದ್ಮೇಲೆ "ನೀವಿಬ್ರೂ ಮಾಡಿಸ್ಕೊಳ್ಳಿ" ಅಂದ್ರು. ನಂಗೆಂತಕ್ಕೆ ಮಾರಾಯ್ರೆ, ನಾನು ರಾತ್ರಿ ಒಂದು ಗಂಟೆಗೆ ಟಾರ್ಚ್ ಹಿಡ್ಕೊಂಡು ಹಂದಿ ಓಡ್ಸೋಕೆ ತೋಟಕ್ಕೆ ಹೋಗೋನು, ಪೇಪರು ಕನ್ನಡಕ ಇಲ್ದೆ ಓದ್ತೀನಿ. ಆಯ್ತು ಅಂತ ಕೂತೆ. ಕಣ್ಣಿನ ಎರಡೂ ಮೂಲೆಗೆ, ಹಣೆಗೆ ವೈರ್ ಅಂಟಿಸಿ ಒಂದು ದೊಡ್ಡ ಬಿಳಿ ಬೋಗುಣಿ ಥರದ್ದರ ಒಳಗೆ ಮುಖ ಇಡಿಸಿ ಕಾಲು ಗಂಟೆ ಕತ್ತಲು, ಕಾಲು ಗಂಟೆ ಬೆಳಕು, ನಿಮಿಷಕ್ಕೊಂದ್ಸಲ "ಎಡಕ್ಕೆ ನೋಡಿ ಬಲಕ್ಕೆ ನೋಡಿ" ಅಂತ ಎರಡು ಕೆಂಪು ದೀಪ ಹೊತ್ತಿಸ್ತಾರೆ. ಅಷ್ಟೇ. ಅದರಲ್ಲಿ ಹೆಂಡ್ತಿದು ನಾರ್ಮಲ್, ನಂದು ಎರಡೂ ಕಣ್ಣು 1.2 ಅಂತ ಬಂತು, ಇದು ನಿಮ್ಮಿಂದಲೇ ಮಗಳಿಗೆ ಬಂದಿದೆ ಅಂದ್ರು. ಇನ್ನೊಂದು ಟೆಸ್ಟ್ ಇಆರ್‌ಜಿ ಅಂತ, ಅದು ನಂದು ನಾರ್ಮಲ್!

ಈಗ ನನ್ನ ತಲೆಬಿಸಿ ಏನಂದ್ರೆ, ಎಡಕ್ಕೆ ಬಲಕ್ಕೆ ಕಣ್ಣು ಹೊರಳಿಸಿದ್ರೆ ಕಣ್ಣು ಹೊರಳೋದು ಗೊತ್ತಾಗ್ಬಹುದು, ರೆಟಿನಾ ಹಾಳಾಗಿರೋದು ಹೆಂಗೆ ಗೊತ್ತಾಗ್ತದೆ? ಎರಡು ಟೆಸ್ಟಲ್ಲಿ ಯಾವುದನ್ನ ನಂಬೋದು? ಡಾಕ್ಟ್ರು ಹೇಳಿದ್ರು, ಆದ್ರೆ ಹೊರಗೆ ನಲವತ್ತು ಜನ ಕಾಯ್ತಿದ್ರು, ನಂಗೆ ಅರ್ಧ ತಲೆಗೆ ಹೋಗ್ಲಿಲ್ಲ. ನಮ್ಮಮ್ಮ ಅಂತೂ ಕಣ್ಣಿಗೆ ಕರೆಂಟ್ ಕೊಟ್ಟಿದ್ದಕ್ಕೇ ಹಿಂಗಾಯ್ತು ಅಂತ ಶುರು ಮಾಡಿದಾರೆ.

ಕತ್ತಲೆ_ರೂಮಿನವಳು

ಸರ್, ನಾನು ಇದೇ ಟೆಸ್ಟ್ ಮಾಡೋ ಟೆಕ್ನಿಷಿಯನ್, ಊರು ತೀರ್ಥಹಳ್ಳಿ ಹತ್ರ, ಈಗ ಬೆಂಗಳೂರಲ್ಲಿದ್ದೀನಿ. ಮೊದ್ಲು ಅಮ್ಮಂಗೆ ಹೇಳಿ, ಕಣ್ಣಿಗೆ ಕರೆಂಟ್ ಕೊಡಲ್ಲ. ಆ ವೈರ್‌ಗಳು ಕಣ್ಣಿಂದ ಬರೋ ಕರೆಂಟನ್ನ ಅಳೀತವೆ ಅಷ್ಟೇ, ಇಸಿಜಿ ಥರ.

ನಿಮ್ಮ ಕಣ್ಣುಗುಡ್ಡೇನೇ ಒಂದು ಶೆಲ್ ಅಂದ್ಕೊಳ್ಳಿ, ಟಾರ್ಚಿಗೆ ಹಾಕ್ತೀವಲ್ಲ ಅದು. ಮುಂದಿನ ಕಾರ್ನಿಯಾ ಕಡೆ ಪ್ಲಸ್, ಹಿಂದೆ ರೆಟಿನಾ ಕಡೆ ಮೈನಸ್. ಜರ್ಮನಿಯ ಎಮಿಲ್ ಡು ಬೋಯಿಸ್ ರೇಮಂಡ್ ಅನ್ನೋರು 1849ರಲ್ಲೇ ಮೀನಿನ ಕಣ್ಣಲ್ಲಿ ಇದನ್ನ ಕಂಡುಹಿಡಿದಿದ್ದು. ನೀವು ಬಲಕ್ಕೆ ನೋಡಿದ್ರೆ ಶೆಲ್ಲಿನ ಪ್ಲಸ್ ಮೂತಿ ಬಲಗಡೆ ವೈರ್ ಹತ್ರ ಬರ್ತದೆ, ಎಡಕ್ಕೆ ನೋಡಿದ್ರೆ ಎಡಗಡೆ ವೈರ್ ಹತ್ರ, ಸ್ಕ್ರೀನಲ್ಲಿ ಗೆರೆ ಮೇಲೆ ಕೆಳಗೆ ಹಾರ್ತದೆ. ಇದೇ ಇಓಜಿ.

ಈಗ ನೀವು ಕೇಳಿದ ಮುಖ್ಯ ವಿಷ್ಯ. ನಾವು ಆ ಎರಡು ಕೆಂಪು ದೀಪಾನ ಯಾವಾಗ್ಲೂ ಒಂದೇ ಅಂತರದಲ್ಲಿ ಇಟ್ಟಿರ್ತೀವಿ, ಒಂದರಿಂದ ಇನ್ನೊಂದಕ್ಕೆ 30 ಡಿಗ್ರಿ. ಅಂದ್ರೆ ನಿಮ್ಮ ಕಣ್ಣು ಪ್ರತಿ ಸಲ ಅಷ್ಟೇ ಹೊರಳ್ತದೆ, ಜಾಸ್ತೀನೂ ಇಲ್ಲ ಕಮ್ಮೀನೂ ಇಲ್ಲ. ಹೊರಳೋದು ಅಷ್ಟೇ ಇದ್ದು ಗೆರೆಯ ಎತ್ತರ ಬದಲಾಯ್ತು ಅಂದ್ರೆ ಬದಲಾಗಿದ್ದು ಯಾವುದು? ಶೆಲ್ಲು! ನಮಗೆ ಬೇಕಾಗಿರೋದು ಶೆಲ್ಲಿನ ಲೆಕ್ಕ, ನೀವು ಕಣ್ಣು ಹೊರಳಿಸೋದು ಅದಕ್ಕೆ ಅಳತೆಗೋಲು ಅಷ್ಟೇ.

ಆ ಶೆಲ್ ಚಾರ್ಜ್ ಆಗೋದು ಬಹುಪಾಲು ರೆಟಿನಾದ ಕೆಳಗಿರೋ ಒಂದು ತೆಳು ಪದರದಿಂದ, ಆರ್‌ಪಿಇ ಅಂತೀವಿ. ಸರಿ ಇರೋ ಕಣ್ಣಲ್ಲಿ ಕತ್ತಲಾಗಿ ಹೆಚ್ಚುಕಮ್ಮಿ 12 ನಿಮಿಷಕ್ಕೆ ವೋಲ್ಟೇಜ್ ತಳ ಮುಟ್ತದೆ, ಲೈಟ್ ಹಾಕಿದ್ಮೇಲೆ 8 ನಿಮಿಷದ ಆಸುಪಾಸಿಗೆ ತುದಿಗೆ ಏರ್ತದೆ. ತುದೀನ ತಳದಿಂದ ಭಾಗಿಸಿದ್ರೆ ಆರ್ಡನ್ ರೇಶಿಯೋ, 1962ರಲ್ಲಿ ಲಂಡನ್‌ನ ಜೆಫ್ರಿ ಆರ್ಡನ್ ಮತ್ತೆ ಜೊತೆಯವರು ಹೇಳಿದ್ದು. ಕತ್ತಲಲ್ಲಿ 300 ಮೈಕ್ರೋವೋಲ್ಟ್ ಇದ್ದಿದ್ದು ಬೆಳಕಲ್ಲಿ 600 ಆದ್ರೆ 2, ಆರಾಮ್. 1.5ಕ್ಕಿಂತ ಕೆಳಗೆ ಬಂದ್ರೆ ಸರಿ ಇಲ್ಲ ಅಂತ ಲೆಕ್ಕ. ನಿಮ್ದು 1.2, ಅಂದ್ರೆ ಬೆಳಕು ಬಿದ್ರೂ ಆ ಪದರ ಹೆಚ್ಚು ಕಮ್ಮಿ ಅಲ್ಲಾಡ್ಲೇ ಇಲ್ಲ.

ವೋಲ್ಟ್‌ಮೀಟರ್_ವಿನೋಬನಗರ

ಅಕ್ಕಾ, ಇದನ್ನ ಓದಿ ನಂಗೆ ಒಂದು ವರ್ಷದ ಹಿಂದಿನ ಸಿಟ್ಟು ಇವತ್ತು ಇಳೀತು ಅಂತ ಹೇಳ್ಬೇಕು 😅

ನಾನು ಶಿವಮೊಗ್ಗದಲ್ಲೇ ಎಲೆಕ್ಟ್ರಾನಿಕ್ಸ್ ಓದಿದ್ದು, ಫೈನಲ್ ಇಯರ್ ಪ್ರಾಜೆಕ್ಟು ಕಣ್ಣು ಹೊರಳಿಸಿ ವೀಲ್‌ಚೇರ್ ಓಡಿಸೋದು. ಇಸಿಜಿ ಎಲೆಕ್ಟ್ರೋಡ್ ತಂದು ಕಣ್ಣಿನ ಪಕ್ಕ ಅಂಟಿಸಿ, ಒಂದು ಇನ್‌ಸ್ಟ್ರುಮೆಂಟೇಶನ್ ಆಂಪ್ಲಿಫೈಯರ್ ಹಾಕಿ, ಎರಡು ಒಂಬತ್ತು ವೋಲ್ಟ್ ಬ್ಯಾಟರೀಲಿ ಓಡ್ಸಿದ್ವಿ. ಕಣ್ಣು ಒಂದು ಡಿಗ್ರಿ ಹೊರಳಿದ್ರೆ ಸಿಗೋದು ಹತ್ತಿಪ್ಪತ್ತು ಮೈಕ್ರೋವೋಲ್ಟ್ ಅಷ್ಟೇ, ಅದರ ಮೇಲೆ ಮನೆ ಕರೆಂಟಿನ 50 ಹರ್ಟ್ಸ್ ಗುಂಯ್ ಅಂತ ಕೂರ್ತದೆ, ಮಳೆಗಾಲ ಬೇರೆ, ಕರೆಂಟ್ ಹೋಗಿ ಇನ್ವರ್ಟರ್ ಬಂದ್ರೆ ಇನ್ನೂ ಕರ್ಮ. ರೆಪ್ಪೆ ಹೊಡೆದ್ರೆ ದೊಡ್ಡ ಮುಳ್ಳು, ಹಲ್ಲು ಕಚ್ಚಿದ್ರೆ ಪೊದೆ. ಅದೆಲ್ಲ ಫಿಲ್ಟರ್ ಹಾಕಿ ಹೆಂಗೋ ಸರಿ ಮಾಡಿದ್ವಿ.

ಆದ್ರೆ ಒಂದು ಮಾತ್ರ ಕಡೇವರೆಗೂ ಬಗೆಹರೀಲಿಲ್ಲ. ಲ್ಯಾಬಲ್ಲಿ ಟ್ಯೂಬ್‌ಲೈಟ್ ಕೆಳಗೆ ಕೂತು ಅಳತೆ ಸೆಟ್ ಮಾಡೋದು, ಡೆಮೋ ದಿನ ಪ್ರೊಜೆಕ್ಟರ್‌ಗೆ ಅಂತ ಲೈಟ್ ಆರಿಸ್ತಾರೆ, ಹತ್ತು ನಿಮಿಷ ಆಗೋದ್ರೊಳಗೆ ಅಷ್ಟೇ ಕಣ್ಣು ಹೊರಳಿಸಿದ್ರೂ ಸಿಗ್ನಲ್ ಕುಗ್ಗಿರ್ತದೆ, ಗಾಡಿ ಬಲಕ್ಕೆ ತಿರುಗೋದೇ ಇಲ್ಲ. ನಾನು ಆಂಪ್ಲಿಫೈಯರ್ ಬೈದೆ, ಜೆಲ್ ಒಣಗಿದೆ ಅಂದೆ, ಕೊನೆಗೆ ಎಲೆಕ್ಟ್ರೋಡ್ ಹಿಡ್ಕೊಂಡಿದ್ದ ಫ್ರೆಂಡ್‌ನೂ ಬೈದೆ. ಈಗ ಗೊತ್ತಾಯ್ತು, ಕುಗ್ಗಿದ್ದು ಕಣ್ಣು! ನಾವು ಯಾವುದನ್ನ ತೊಂದರೆ ಅಂತ ಎಸೀತಿದ್ವೋ ನೀವು ಅದನ್ನೇ ಅಳೆದು ರಿಪೋರ್ಟ್ ಕೊಡ್ತೀರಲ್ಲ. ನಮಗೆ ಶೆಲ್ಲು ಸ್ಥಿರ ಅಂದ್ಕೊಂಡು ಹೊರಳೋದು ಬೇಕಿತ್ತು, ನಿಮಗೆ ಹೊರಳೋದು ಸ್ಥಿರ ಇಟ್ಟು ಶೆಲ್ಲು ಬೇಕು.

ಕತ್ತಲೆ_ರೂಮಿನವಳು

ಹಹ್ಹಾ ಹೌದು. ಫ್ರೆಂಡ್‌ಗೆ ಸಾರಿ ಕೇಳಿ ಮೊದ್ಲು.

ಅಡಕೆ_ಸಿಪ್ಪೆ

ಸುಮ್ನೆ ಬೆಂಗಳೂರಿಗೆ ಓಡಾಡಿ ದುಡ್ಡು ಕಳೀಬೇಡಿ. ನಂದಿಬಟ್ಟಲು ಹೂವಿನ ರಸ ಬೆಳಿಗ್ಗೆ ಎರಡೆರಡು ಹನಿ ಬಿಡಿ, ನಮ್ಮ ಅಜ್ಜಿ ತೊಂಬತ್ತರ ತನಕ ಸೂಜಿಗೆ ದಾರ ಪೋಣಿಸ್ತಿದ್ರು.

ಬಾಗಿದ_ಸಾಲು

ಅಡಕೆ ಸಿಪ್ಪೆಯವರೇ, ಅಜ್ಜಿಗೆ ಈ ಕಾಯಿಲೆ ಇರ್ಲಿಲ್ಲ, ಅದಕ್ಕೆ ಪೋಣಿಸ್ತಿದ್ರು. ಕಾಯಿಲೆ ಇರೋದು ರೆಟಿನಾದ ಅಡಿಯಲ್ಲಿ, ಮೇಲಿಂದ ಹೂವಿನ ರಸ ಬಿಟ್ರೆ ಅದು ವಾಸಿ ಆಗಲ್ಲ, ಹಸಿ ರಸ ಬಿಟ್ಟು ಕಣ್ಣು ಕೆಂಪಾಗಿ ಸೋಂಕಾದ್ರೆ ಅದು ಬೇರೆ ತಾಪತ್ರಯ. ದಯವಿಟ್ಟು 9 ವರ್ಷದ ಮಗುಗೆ ಅದೆಲ್ಲ ಬೇಡ.

ಸಾಗರದ ಅಪ್ಪ ಅವರೇ, ನಂಗೇ ಬೆಸ್ಟ್ ಇದೆ. 41 ವರ್ಷ, ಹೊಸನಗರ ಕಡೆ, ತೋಟ ಇದೆ. ಹೆಸರಿನ ವಿಷ್ಯ ನಾನೂ ಮೊದಲ ದಿನ ನಕ್ಕಿದ್ದೆ, ಫ್ರೆಡ್ರಿಕ್ ಬೆಸ್ಟ್ ಅಂತ ಜರ್ಮನ್ ಕಣ್ಣು ಡಾಕ್ಟ್ರು 1905ರಲ್ಲಿ ಒಂದು ಕುಟುಂಬದಲ್ಲಿ ನೋಡಿ ಬರೆದಿದ್ದು ಅದಕ್ಕೆ ಆ ಹೆಸರು.

ಎರಡು ಟೆಸ್ಟಲ್ಲಿ ಯಾವುದು ಸರಿ ಅಂದ್ರಲ್ಲ, ಎರಡೂ ಸರಿ. ನಂಗೆ ಡಾಕ್ಟ್ರು ಹೇಳಿದ್ದನ್ನ ನಾನು ತೋಟದ ಲೆಕ್ಕದಲ್ಲಿ ಅರ್ಥ ಮಾಡ್ಕೊಂಡಿದ್ದು ಹಿಂಗೆ. ಇಆರ್‌ಜಿ ಅಂದ್ರೆ ಫ್ಲ್ಯಾಶ್ ಹೊಡೆದು ಇಡೀ ರೆಟಿನಾ ತಕ್ಷಣ ಏನು ಉತ್ತರ ಕೊಡ್ತದೆ ಅಂತ ನೋಡೋದು, ಅದು ಮರಗಳನ್ನ ಎಣಿಸಿದ ಹಾಗೆ, ಮರ ಎಲ್ಲ ನಿಂತಿದೆ, ಸೋಗೆ ಹಸಿರಿದೆ, ನಾರ್ಮಲ್. ಇಓಜಿ ನೋಡೋದು ಬಸಿಗಾಲುವೆ. ಆ ಆರ್‌ಪಿಇ ಪದರದ ಕೆಲಸ ಮೇಲಿನ ಜೀವಕೋಶಗಳಿಗೆ ಊಟ ಕಳಿಸೋದು, ಅವು ಉದುರಿಸಿದ ಕಸ ಬಾಚೋದು, ನೀರು ಬಸಿದು ಹೊರಗೆ ಹಾಕೋದು. ಅಲ್ಲಿ ಕ್ಲೋರೈಡ್ ಓಡಾಡೋ ಒಂದು ಬಾಗಿಲಿದೆ, ಬೆಸ್ಟ್1 ಅನ್ನೋ ಜೀನ್ ಮಾಡೋ ಪ್ರೋಟೀನು, ಜೀನ್ ಸಿಕ್ಕಿದ್ದು 1998ರಲ್ಲಿ. ಆ ಬಾಗಿಲು ಕೆಟ್ರೆ ಬೆಳಕಿಗೆ ವೋಲ್ಟೇಜ್ ಏರೋದೂ ನಿಲ್ತದೆ, ಕಸ ನೀರು ಅಡಿಯಲ್ಲಿ ನಿಲ್ಲೋಕೂ ಶುರು ಆಗ್ತದೆ. ಮಗಳ ಕಣ್ಣಲ್ಲಿ ಕಂಡ ಹಳದಿ ಅದೇ. ಬಸಿಗಾಲುವೆ ಕಟ್ಟಿದ್ರೂ ಕೆಲವು ತೋಟ ಎಷ್ಟೋ ವರ್ಷ ಚೆನ್ನಾಗೇ ಫಸಲು ಕೊಡ್ತದಲ್ಲ, ನಿಮ್ಮ ಕಣ್ಣು ಹಂಗೆ. ಇದು ಬೇರಿಂದ ಬಂದಿದ್ದು, ಕೆಲವರಿಗೆ ಕೊನೇವರೆಗೂ ಏನೂ ಆಗಲ್ಲ.

ಮತ್ತೆ ರಾತ್ರಿ ಹಂದಿ ಓಡಿಸ್ತೀನಿ ಅಂದ್ರಲ್ಲ, ಅದು ಲೆಕ್ಕಕ್ಕೆ ಬರಲ್ಲ. ಈ ಕಾಯಿಲೆ ಹಿಡಿಯೋದು ರೆಟಿನಾದ ನಟ್ಟ ನಡುವಿನ ಭಾಗ ಮ್ಯಾಕುಲಾನ, ಇರುಳುಗಣ್ಣು ಇದರಲ್ಲಿ ಬರಲ್ಲ.

ನಂಗೆ 33ರಲ್ಲಿ ಒಂದಿನ ಮದ್ದು ಹೊಡೆಯೋ ಟೈಮಲ್ಲಿ ಎಡಗಣ್ಣಲ್ಲಿ ನೋಡಿದ್ರೆ ನೆಟ್ಟಗಿದ್ದ ಅಡಿಕೆ ಸಾಲು ಮಧ್ಯದಲ್ಲಿ ಬಾಗಿದ ಹಾಗೆ ಕಾಣ್ತು. ಮರ ವಾಲಿದೆ ಅಂತ ಹತ್ರ ಹೋಗಿ ನೋಡ್ದೆ, ಮರ ಸರಿ ಇದೆ. ರೆಟಿನಾ ಕೆಳಗೆ ಹೊಸ ರಕ್ತನಾಳ ಬೆಳೆದು ಸೋರ್ತಿತ್ತು. ಬೇಗ ಹೋಗಿದ್ದಕ್ಕೆ ಕಣ್ಣೊಳಗೆ ಇಂಜೆಕ್ಷನ್ ಕೊಟ್ಟು ನಿಲ್ಸಿದ್ರು. ಕಾಯಿಲೆಗೇ ಮದ್ದಿಲ್ಲ, ಆದ್ರೆ ಈ ಸೋರೋದಕ್ಕೆ ಇದೆ, ತಡ ಮಾಡಿದ್ರೆ ಮಾತ್ರ ಹೋಯ್ತು. ಹಾಗಾಗಿ ನೀವೂ ಮಗಳೂ ವಾರಕ್ಕೊಂದ್ಸಲ ಒಂದೊಂದೇ ಕಣ್ಣು ಮುಚ್ಚಿ ಬಚ್ಚಲ ಟೈಲ್ಸ್ ಗೆರೆನೋ ಕ್ಯಾಲೆಂಡರ್ ಚೌಕನೋ ನೋಡಿ, ಎಲ್ಲಾದ್ರೂ ಡೊಂಕು ಕಂಡ್ರೆ ಅವತ್ತೇ ಹೊರಡಿ, ಮದುವೆ ಮುಂಜಿ ನೋಡ್ಬೇಡಿ. ನಾನು ಈಗ್ಲೂ ಬಲಗಣ್ಣಲ್ಲಿ ಪೇಪರ್ ಓದ್ತೀನಿ, ಬೈಕೂ ಓಡಿಸ್ತೀನಿ, ಡಾಕ್ಟ್ರನ್ನ ಕೇಳಿಯೇ.

ಗಿರಗಿಟ್ಲೆ

ಇದೇ ವೈರ್ ನಮ್ಮ ಮಾವಂಗೆ ತಲೆಸುತ್ತಿಗೆ ಅಂತ ಹಾಕಿದ್ರು, ಕಿವಿಗೆ ತಣ್ಣೀರು ಬಿಸಿನೀರು ಬಿಟ್ಟು ಕಣ್ಣು ಹೆಂಗೆ ಅದುರ್ತದೆ ಅಂತ ನೋಡಿದ್ರು. ನಿದ್ದೆ ಲ್ಯಾಬಲ್ಲೂ ಹಾಕ್ತಾರಂತಲ್ಲ?

ವೋಲ್ಟ್‌ಮೀಟರ್_ವಿನೋಬನಗರ

ಹೌದು, ಕನಸು ಬೀಳೋ ನಿದ್ದೇಲಿ ಮುಚ್ಚಿದ ರೆಪ್ಪೆ ಒಳಗೆ ಕಣ್ಣು ಪಟಪಟ ಓಡ್ತದೆ, ಅದನ್ನ 1953ರಲ್ಲಿ ಅಮೆರಿಕದ ಅಸೆರಿನ್ಸ್ಕಿ, ಕ್ಲೈಟ್‌ಮನ್ ಹಿಡಿದಿದ್ದು ಇದೇ ವಿಧಾನದಲ್ಲಿ. ಕ್ಯಾಮೆರಾಗೆ ರೆಪ್ಪೆ ತೆಗೀಬೇಕು, ಇದಕ್ಕೆ ಬೇಡ.

ಸಾಗರದ_ಅಪ್ಪ

ಎಲ್ರಿಗೂ ಎಷ್ಟು ಥ್ಯಾಂಕ್ಸ್ ಹೇಳಿದ್ರೂ ಕಮ್ಮಿ. ಬಾಗಿದ ಸಾಲು ಅಣ್ಣ, ನಿಮ್ಮ ಮೆಸೇಜ್ ಅಮ್ಮಂಗೆ ಓದಿ ಹೇಳ್ದೆ. ಬಸಿಗಾಲುವೆ ವಿಷ್ಯ ಬಂದಾಗ ಸುಮ್ನಾದ್ರು, ಆಮೇಲೆ ರಾತ್ರಿ ಊಟಕ್ಕೆ ಬಡಿಸ್ತಾ ತಾವಾಗೇ "ನಿಮ್ಮಪ್ಪನೂ ಪಂಚಾಂಗ ಓರೆ ಹಿಡ್ಕೊಂಡು ಓದ್ತಿದ್ರು ಕಣೋ" ಅಂದ್ರು. ನಾವೆಲ್ಲ ಪೊರೆ ಅಂದ್ಕೊಂಡಿದ್ವಿ, ಆಪರೇಷನ್ ಮಾಡ್ಸಿದ್ಮೇಲೂ ಹಂಗೇ ಓದ್ತಿದ್ರು, ಹಠ ಅಂತ ಬೈತಿದ್ವಿ. ಅದು ಇದೇ ಹೌದೋ ಅಲ್ವೋ ಈಗ ಯಾರನ್ನ ಕೇಳೋದು.

ಮೇಡಂ ಇನ್ನೊಂದು ಪ್ರಶ್ನೆ, ನಂಗೆ 5 ವರ್ಷದ ಮಗ ಇದಾನೆ, ನನ್ನ ತಂಗಿ ಸೊರಬದಲ್ಲಿದಾಳೆ. ಇಬ್ರಿಗೂ ಇಓಜಿ ಮಾಡಿಸ್ಬೇಕಾ?

ಕತ್ತಲೆ_ರೂಮಿನವಳು

ನಿಮ್ಮ ಪ್ರತಿ ಮಗುವಿಗೂ ಅರ್ಧಕ್ಕರ್ಧ ಚಾನ್ಸ್ ಇದೆ, ಮಗಳಿಗೆ ಬಂತು ಅಂತ ಮಗನಿಗೆ ಕಮ್ಮಿ ಆಗಲ್ಲ. ತಂದೆಯವರಿಂದ ಬಂದಿದ್ರೆ ತಂಗಿಗೂ ಅಷ್ಟೇ. ಆದ್ರೆ 5 ವರ್ಷದ ಹುಡುಗನ್ನ ಅರ್ಧ ಗಂಟೆ ಬೋಗುಣಿ ಒಳಗೆ ಕೂರಿಸಿ ನಿಮಿಷ ನಿಮಿಷಕ್ಕೂ ಎಡ ಬಲ ನೋಡು ಅಂದ್ರೆ ಅವನು ನೋಡಲ್ಲ, ನಾನು ಎಷ್ಟು ಚಾಕ್ಲೇಟ್ ಕೊಟ್ಟು ನೋಡಿದ್ದೀನಿ. ಅರ್ಧಕ್ಕೆ ಹೊರಳಿಸಿದ್ರೆ ಲೆಕ್ಕವೇ ತಪ್ಪು, ರೇಶಿಯೋ ನಂಬೋಕಾಗಲ್ಲ. ಅವನಿಗೆ ಡ್ರಾಪ್ಸ್ ಹಾಕಿ ರೆಟಿನಾ ಪರೀಕ್ಷೆ, ರೆಟಿನಾದ ಪದರ ಪದರ ತೋರಿಸೋ ಓಸಿಟಿ ಸ್ಕ್ಯಾನ್ ಸಾಕಾಗ್ಬಹುದು, ಮಗಳ ರಕ್ತದಲ್ಲಿ ಜೀನ್ ಸಿಕ್ಕಿದ್ರೆ ಅದನ್ನೇ ಅವನಲ್ಲೂ ಹುಡುಕ್ಬಹುದು, ಯಾವುದು ಅಂತ ಡಾಕ್ಟ್ರು ಹೇಳ್ತಾರೆ. ಇನ್ನೊಂದು ಮಾತು, ಜೀನ್ ಇದ್ದೂ ಇಓಜಿ ನಾರ್ಮಲ್ ಬಂದವರು ಕೆಲವರು ಇದಾರೆ, ಹಾಗಾಗಿ ತಂಗಿದು ನಾರ್ಮಲ್ ಬಂದ್ರೂ ಅಲ್ಲಿಗೇ ಬಿಡ್ಬೇಡಿ, ಡಾಕ್ಟ್ರ ಹತ್ರ ಜೀನ್ ಟೆಸ್ಟ್ ವಿಷ್ಯ ಕೇಳಿ.

ಮತ್ತೆ ತಂಗಿಗೆ ಹೇಳಿ, ಬರೋ ದಿನ ತಲೆಗೆ ಎಣ್ಣೆ ಹಚ್ಕೊಂಡು ಮುಖಕ್ಕೆ ಕ್ರೀಮ್ ಮೆತ್ಕೊಂಡು ಬರಬೇಡಿ ಅಂತ. ಎಲೆಕ್ಟ್ರೋಡ್ ಜಾರ್ತದೆ, ಅರ್ಧ ಗಂಟೆ ಕೂತಿದ್ದು ದಂಡ, ಆಮೇಲೆ ಮತ್ತೆ ಮೊದಲಿಂದ ಕತ್ತಲಲ್ಲಿ ಕೂರ್ಬೇಕು.