ಅಪ್‌ಡೇಟ್: ಹೋಮ್ ಲೋನಿನ ಅಸಲು ಯಾಕೆ ಕರಗುತ್ತಿಲ್ಲ ಅಂತ ಕೇಳಿದ್ದೆನಲ್ಲ

ಹುಬ್ಬಳ್ಳಿ ನವನಗರದ ಮನೆಗೆ 2018ರಲ್ಲಿ ತೆಗೆದ ಸಾಲ. 30 ಲಕ್ಷ, 20 ವರ್ಷ. ಇಷ್ಟು ಕಟ್ಟಿದರೂ ಅಸಲು ಹಾಗೇ ಇದೆಯಲ್ಲ ಅನ್ನೋದು ನನ್ನ ಪ್ರಶ್ನೆ.

ಕಂತಿನ ಪೂರ್ತಿ ಪಟ್ಟಿ ತೆಗೆಸಿ ಅಂದವರಿಗೆ ಮೊದಲ ಥ್ಯಾಂಕ್ಸ್. 8.5% ಬಡ್ಡಿಗೆ ಇಎಂಐ 26,035 ರೂಪಾಯಿ. ಮೊದಲ ತಿಂಗಳ ಸಾಲು ನೋಡಿ: ಬಡ್ಡಿಗೆ 21,250, ಅಸಲಿಗೆ ಬರೀ 4,785! 20 ವರ್ಷಕ್ಕೆ ಕಟ್ಟೋದು ಸುಮಾರು 62.5 ಲಕ್ಷ. ಬಡ್ಡಿಯೇ ಅಸಲಿಗಿಂತ ಜಾಸ್ತಿ.

ಬೆಚ್ಚಿಬಿದ್ದದ್ದು ಇನ್ನೊಂದಕ್ಕೆ. ನಡುವೆ ಬಡ್ಡಿ ದರ ಏರಿದಾಗ ಇಎಂಐ ಏರಿರಲಿಲ್ಲ. ಬ್ಯಾಂಕಿನವರು ಸುಮ್ನೆ ಅವಧಿ ಉದ್ದ ಮಾಡಿದ್ದರು. ಇಎಂಐ ಏರಿಸಬೇಕಾ, ಅವಧಿ ಏರಿಸಬೇಕಾ ಅಂತ ಗ್ರಾಹಕರನ್ನು ಕೇಳಬೇಕು ಅಂತ ಆರ್‌ಬಿಐ 2023ರ ಆಗಸ್ಟ್‌ನಲ್ಲೇ ಹೇಳಿದೆ, ಗೊತ್ತಿರಲಿ.

ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸುವ ಸಲಹೆ ನನಗೆ ಗಿಟ್ಟಲಿಲ್ಲ. ಪ್ರೊಸೆಸಿಂಗ್ ಫೀ, ವಕೀಲರ ಫೀ, ವ್ಯಾಲ್ಯುಯೇಷನ್, ಮತ್ತೆ ಅಡಮಾನದ ಖರ್ಚು. ಉಳಿಯೋದೆಲ್ಲ ಅಲ್ಲೇ ಹೋಗುತ್ತಿತ್ತು. ಅದೇ ಬ್ಯಾಂಕಿನಲ್ಲಿ ಸಾಲದ ಬಡ್ಡಿಯನ್ನು ಎಂಸಿಎಲ್‌ಆರ್‌ನಿಂದ (ಬ್ಯಾಂಕೇ ತನ್ನ ಖರ್ಚು ನೋಡಿ ನಿಗದಿ ಮಾಡುವ ಮೂಲ ದರ) ರೆಪೋ ದರಕ್ಕೆ (ಆರ್‌ಬಿಐ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಬದಲಿಸಿಕೊಂಡೆ. ಸಣ್ಣ ಫೀ, ದರ ಇಳಿಯಿತು.

ನಿಜವಾಗಿ ಕೆಲಸಕ್ಕೆ ಬಂದದ್ದು ವರ್ಷಕ್ಕೊಂದು ಇಎಂಐ ಜಾಸ್ತಿ ಕಟ್ಟುವ ಸಲಹೆ. ಮೊದಲಿನಿಂದಲೇ ಹೀಗೆ ಕಟ್ಟಿದರೆ ಇಂಥ ಸಾಲ ಅವಧಿಗಿಂತ ಮೂರು ವರ್ಷಕ್ಕೂ ಹೆಚ್ಚು ಮುಂಚೆಯೇ ತೀರುತ್ತದೆ. ಮನೆ ಸಾಲ ಫ್ಲೋಟಿಂಗ್ (ಏರಿಳಿಯುವ) ದರದ್ದಾದರೆ ಇದಕ್ಕೆ ದಂಡವಿಲ್ಲ. ಆದರೆ ಅರ್ಜಿಯಲ್ಲಿ ‘ಅವಧಿ ಇಳಿಸಿ’ ಅನ್ನೋದಕ್ಕೇ ಟಿಕ್ ಹಾಕಿ. ಕೌಂಟರಿನವರು ನನಗೆ ‘ಇಎಂಐ ಇಳಿಸಿ’ಗೆ ಹಾಕಿಕೊಟ್ಟಿದ್ದರು, ತಿದ್ದಿಸಿದೆ.